ಬಾಗಿಲ ಮೇಲೆ ಕುಣಿದವರು

ಅವರು ಮೊದಲ ಸಲ ನಮ್ಮ ಕೇಬಲ್ ಆಫೀಸಿನ ಮೆಟ್ಟಿಲು ಹತ್ತಿ ಬಂದ ಮಧ್ಯಾಹ್ನ ಅಲ್ಲಿ ನಾಲ್ಕು ಜನ ಇದ್ದೆವು. ಕುರ್ಚಿಯಲ್ಲಿ ಬಸಣ್ಣನವರು. ಕಂಪ್ಲಿಯಲ್ಲಿ ಅಕ್ಕಿ ಗಿರಣಿ, ಹೊಸಪೇಟೆಯಲ್ಲಿ ಈ ಚಾನಲ್, ಎರಡಕ್ಕೂ ಅವರೇ ಯಜಮಾನರು. ಕಿಟಕಿಯ ಹತ್ತಿರ ಹೊನ್ನೂರಪ್ಪ. ಬೆಳಿಗ್ಗೆ ಕಂಬ ಹತ್ತಿ ವೈರು ಎಳೆಯುವವನು, ಮಧ್ಯಾಹ್ನ ಕ್ಯಾಮೆರಾ ಹಿಡಿಯುವವನೂ ಅವನೇ. ಮೂಲೆಯಲ್ಲಿ ಕಸಬರಿಗೆ ಹಿಡಿದ ಹುಲಿಗೆಮ್ಮ. ಸಂಡೂರಿನಿಂದ ಇಳಿಯುವ ಅದಿರಿನ ಲಾರಿಗಳು ಊರೊಳಗೇ ಹಾಯುತ್ತಿದ್ದ ಕಾಲ ಅದು. ಆಕೆ ದಿನಕ್ಕೆ ನಾಲ್ಕು ಸಲ ಗುಡಿಸಿದರೂ ಕೋಣೆ ಕೆಂಪಗೇ ಇರುತ್ತಿತ್ತು. ನಾಲ್ಕನೆಯವನು ನಾನು, ಸಂಜೆ ಊರ ಸುದ್ದಿ ಓದುವವನು.

ಬಂದವರು ಎಪ್ಪತ್ತರ ಆಸುಪಾಸಿನ ವಿದೇಶಿ ಹೆಂಗಸು. ಬಿಳಿ ಕೂದಲನ್ನು ಹಿಂದಕ್ಕೆಳೆದು ಬಿಗಿಯಾಗಿ ತುರುಬು ಕಟ್ಟಿದ್ದರು. ಹಂಪಿಯ ಪಕ್ಕದ ಊರು ನಮ್ಮದು, ವಿದೇಶಿಯರೇನೂ ನಮಗೆ ಹೊಸಬರಲ್ಲ. ಆದರೆ ಅವರೆಲ್ಲ ನೀರಿನ ಬಾಟಲಿ ಹಿಡಿದು ದಾರಿ ಕೇಳುವವರು. ಇವರು ಬಾಗಿಲಲ್ಲೇ ಚಪ್ಪಲಿ ಬಿಟ್ಟು ಒಳಗೆ ಬಂದು, ಬಾವಿ ತೋಡುವವರು ನೆಲ ಪರೀಕ್ಷೆ ಮಾಡುವ ಹಾಗೆ, ಹಿಮ್ಮಡಿಯಿಂದ ನಮ್ಮ ಕಡಪ ಕಲ್ಲಿನ ನೆಲವನ್ನು ಎರಡು ಸಲ ಕುಟ್ಟಿ ನೋಡಿದರು. ಆಮೇಲೆ ಇಂಗ್ಲಿಷಿನಲ್ಲಿ ಹೇಳಿದರು: ತಾವು ಸ್ಪೇನ್ ದೇಶದವರು, ಫ್ಲಾಮೆಂಕೊ ಎನ್ನುವ ಕುಣಿತ ತಮ್ಮದು, ಈ ಊರಿನ ಟೀವಿಯಲ್ಲಿ ಅದನ್ನು ತೋರಿಸುವ ಆಸೆ ಇದೆ, ತಮಗೆ ಏನೂ ಬೇಡ, ಆದರೆ ಈ ನೆಲ ಮಾತ್ರ ಆಗುವುದಿಲ್ಲ.

ನಾನು ಬಸಣ್ಣನವರಿಗೆ ಇದನ್ನು ಕನ್ನಡದಲ್ಲಿ ಒಪ್ಪಿಸಿದೆ. ಹೊನ್ನೂರಪ್ಪ ಕಿಟಕಿಯ ಕಡೆ ಮುಖ ಮಾಡಿ, "ಕುಣೀಲಾರದಾಕಿ ನೆಲಾ ಡೊಂಕು ಅಂದಳಂತ," ಎಂದ.

ಅವರು ಥಟ್ಟನೆ ಅವನ ಕಡೆ ತಿರುಗಿದರು. "ನೆಲಾ ಡೊಂಕಿಲ್ರಿ. ನೆಲಾ ಕಲ್ಲು ಐತ್ರಿ. ಕಲ್ಲಿನ ಮ್ಯಾಲ ಕುಣದ್ರ ಮಣಕಾಲು ಹೋಗತಾವ. ಕಟಗಿ ಬೇಕ್ರಿ."

ಹುಲಿಗೆಮ್ಮನ ಕೈಯ ಕಸಬರಿಗೆ ಕೆಳಗೆ ಬಿತ್ತು. ಬಸಣ್ಣನವರು ಎದ್ದು ನಿಂತು ತಮ್ಮ ಕುರ್ಚಿಯನ್ನೇ ಮುಂದಕ್ಕೆ ಸರಿಸಿದರು. "ಕುಂದ್ರಿ ಅಮ್ಮಾರ, ಕುಂದ್ರಿ. ಲೇ ಹೊನ್ನೂರಾ, ಚಾ ತರಿಸೋ. ಬಾಯಿಗೆ ಬೀಗ ಹಾಕ್ಕೊಂಡು ತರಿಸು."

ಅವರ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಬರೆದರೂ ನಮ್ಮೂರವರಿಗೆ ಗುರುತು ಹತ್ತುವುದಿಲ್ಲ. ಊರಿಗೆಲ್ಲ ಅವರು ಸ್ಪೇನಮ್ಮ.

ಹಂಪಿ ರಸ್ತೆಯಲ್ಲಿ ಎಮ್ಮೆ ಸಾಕಿದ ಒಬ್ಬ ಮುದುಕಿಯ ಮನೆಯಲ್ಲಿ ಅವರಿಗೆ ಬಾಡಿಗೆ ಕೋಣೆ. ಹಂಪಿಯ ಕಲ್ಲಿನಲ್ಲಿ ಕಾಲೆತ್ತಿ ನಿಂತ ನರ್ತಕಿಯರನ್ನು ನೋಡಲು ಒಂದು ವಾರಕ್ಕೆಂದು ಬಂದವರು, ಉಳಿದೇಬಿಟ್ಟಿದ್ದರು. ವರ್ಷಕ್ಕೊಮ್ಮೆ ಕಾಗದಪತ್ರ ಸರಿಮಾಡಿಸಲು ತಮ್ಮ ದೇಶಕ್ಕೆ ಹೋಗುವುದು, ಮತ್ತೆ ಬರುವುದು. ಕನ್ನಡ ಕಲಿಸಿದವಳು ಆ ಮುದುಕಿಯೇ. ಹಿರಿಯಳು ಕಲಿಸಿದ ಭಾಷೆ, ಹಾಗಾಗಿ ಮರ್ಯಾದೆ ತುಸು ಹೆಚ್ಚೇ ಆಗಿತ್ತು. ಎಲ್ಲರಿಗೂ 'ರೀ'. ಹಾದಿಗೆ ಅಡ್ಡ ಮಲಗಿದ ಎಮ್ಮೆಗೂ, "ಸ್ವಲ್ಪ ಸರೀರಿ, ನಾ ಹೋಗಬೇಕು," ಎನ್ನುತ್ತಿದ್ದರು. ಅದು ಸರಿಯುತ್ತಿತ್ತು. ನಾವು ಹೊಡೆದರೂ ಏಳದ ಎಮ್ಮೆ.

ಮೂರನೆಯ ದಿನ ಕಂಪ್ಲಿಯಿಂದ ಟ್ರ್ಯಾಕ್ಟರಿನಲ್ಲಿ ಒಂದು ಬಾಗಿಲು ಬಂತು. ಬಸಣ್ಣನವರ ಅಜ್ಜನ ಕಾಲದ ಗಿರಣಿ ಗೋದಾಮಿನ ಹಳೆಯ ತೇಗದ ಬಾಗಿಲು. ನಾಲ್ಕು ಜನ ಹೊತ್ತು ಮೇಲೆ ತಂದು, ಕೆಳಗೆ ಗೋಣಿಚೀಲ ಹಾಸಿ ನೆಲಕ್ಕೆ ಮಲಗಿಸಿದೆವು. ಕಬ್ಬಿಣದ ಚಿಲಕವನ್ನು ಹೊನ್ನೂರಪ್ಪ ಬಿಚ್ಚಿದ. ಸ್ಪೇನಮ್ಮ ಮೊಳೆ ಬಡಿದ ಹಿಮ್ಮಡಿಯ ಜೋಡು ಹಾಕಿಕೊಂಡು, ನಮಸ್ಕಾರ ಮಾಡಿ ಅದರ ಮೇಲೆ ಹತ್ತಿದರು. ಒಂದೇ ಒಂದು ಸಲ ತುಳಿದರು ನೋಡಿ, ಎದೆಯೊಳಗೆ ಯಾರೋ ಗುದ್ದಿದ ಹಾಗಾಯಿತು. ಬಾಗಿಲ ಸಂದುಗಳಿಂದ ಅದಿರಿನ ಕೆಂಪು ಧೂಳು ಅವರ ಮೊಣಕಾಲೆತ್ತರಕ್ಕೆ ಎದ್ದು ನಿಂತಿತು.

ಕೆಳಗಿನ ಕಿರಾಣಿ ಅಂಗಡಿಯ ಶೆಟ್ಟರು ಓಡಿ ಬಂದರು. "ಬಸಣ್ಣಾರ, ಏನ್ರೀ ಇದು? ನನ್ನ ಸಕ್ರಿ ಚೀಲದಾಗ ಸುಣ್ಣದ ಹಕ್ಕಳಿ ಬೀಳಾಕ ಹತ್ಯಾವ!" ಹೇಳುತ್ತ ಹೇಳುತ್ತಲೇ ಬಾಗಿಲ ಮೇಲೆ ನಿಂತವರನ್ನು ನೋಡಿ ಗಪ್ಪಾದರು. ಸ್ಪೇನಮ್ಮ ಕೈಮುಗಿದು, "ತಪ್ಪಾತ್ರಿ ಶೆಟ್ಟರ. ರವಿವಾರ ಹತ್ತು ಗಂಟೆಕ್ಕ ಚೀಲಾ ಸರಿಸ್ರಿ," ಎಂದರು. ಮುಂದೆ ಶೆಟ್ಟರು ತಾವೇ ಚೀಲ ಸರಿಸಿ, ಸೂರು ನೋಡುತ್ತ ಕೂರುತ್ತಿದ್ದರು.

ಅರ್ಧ ತಾಸಿನ ಕಾರ್ಯಕ್ರಮ. ಬಸಣ್ಣನವರ ಕಟ್ಟುನಿಟ್ಟು ಅದು. ಎಂಥ ಧಣಿಯ ಮನೆಯ ಮದುವೆಯಾದರೂ ನಮ್ಮಲ್ಲಿ ಅರ್ಧ ತಾಸಿನ ಮೇಲೆ ಹೋಗುತ್ತಿರಲಿಲ್ಲ. ಭಾನುವಾರ ಹೊಸಪೇಟೆಯಲ್ಲಿ ತೋರಿಸಿ, ಕ್ಯಾಸೆಟ್ಟನ್ನು ಬಸ್ಸಿನ ಡ್ರೈವರ್ ಕೈಗೆ ಕೊಟ್ಟರೆ ಸೋಮವಾರ ಸಂಡೂರು, ಮಂಗಳವಾರ ಕಂಪ್ಲಿ. ಅಲ್ಲಲ್ಲಿನ ಕೇಬಲ್‌ನವರು ತೋರಿಸಿ ವಾಪಸು ಕಳಿಸುತ್ತಿದ್ದರು. ಸ್ಪೇನಮ್ಮ ಒಂದು ವಾರ ಕುಣಿತ ತೋರಿಸಿದರೆ ಇನ್ನೊಂದು ವಾರ ಬೀಸಣಿಗೆ ಹಿಡಿಯುವುದು, ಮತ್ತೊಂದು ವಾರ ಅವರ ಹಾಡು. ಒಮ್ಮೆ ಅಡುಗೆ ತೋರಿಸುತ್ತೇನೆಂದು ಆಲೂಗಡ್ಡೆ, ಈರುಳ್ಳಿ, ಮೊಟ್ಟೆ ತಂದರು. ಬಸಣ್ಣನವರ ಮುಖ ಸಣ್ಣದಾಯಿತು. "ಅಮ್ಮಾರ, ನಮ್ಮ ಮನ್ಯಾಗ ಎಲ್ಲಾರೂ ನೋಡತಾರ..." ಎಂದು ತಡವರಿಸಿದರು. ಸ್ಪೇನಮ್ಮ ಮೊಟ್ಟೆ ಚೀಲಕ್ಕೆ ಹಾಕಿ, ಶೆಟ್ಟರ ಅಂಗಡಿಯಿಂದ ಕಡಲೆಹಿಟ್ಟು ತರಿಸಿದರು. ಹೀಗಾಗಿ ನಮ್ಮ ಕಡೆಯ ಒಂದೆರಡು ಮನೆಗಳಲ್ಲಿ ಇವತ್ತಿಗೂ ಸ್ಪೇನ್ ದೇಶದ ತಿನಿಸೆಂದರೆ ಕಡಲೆಹಿಟ್ಟಿನ ದಪ್ಪ ದೋಸೆ.

ಒಂದು ಸೋಮವಾರ ಸಂಡೂರಿನ ಪಕ್ಕದ ಯಶವಂತನಗರದಿಂದ ಫೋನು ಬಂತು. ಗಣಿಯಲ್ಲಿ ಕಲ್ಲು ಆರಿಸುವ ಹೆಂಗಸು. "ಅಣ್ಣಾರ, ಒಂದ್ ಮಾತು ಕೇಳ್ಲೇನ್ರಿ? ಆ ಅಮ್ಮಾರಿಗೆ ಯಾರ ಮ್ಯಾಲ ಅಷ್ಟು ಸಿಟ್ಟು?" ನಾನು ಫೋನನ್ನು ಸ್ಪೇನಮ್ಮನ ಕೈಗೇ ಕೊಟ್ಟೆ. ಅವರು ಕೇಳಿಸಿಕೊಂಡು ನಕ್ಕರು. "ಸಿಟ್ಟಿಲ್ರಿ ಅಕ್ಕಾರ. ನೆಲಾ ಕಿವುಡು ಐತಿ. ಜೋರಾಗಿ ಹೇಳಬೇಕಾಗತೈತಿ." ಆಚೆಯಿಂದ, "ಹೌದ್ ನೋಡ್ರಿ, ಭಾಳ ಕಿವುಡು ಐತಿ," ಎಂದದ್ದು ನನಗೂ ಕೇಳಿಸಿತು.

ಅವರ ಕುಣಿತಕ್ಕೆ ಚಪ್ಪಾಳೆಯೇ ತಾಳ. ಹನ್ನೆರಡರ ಲೆಕ್ಕ, ನಡುನಡುವೆ ಎಲ್ಲೆಲ್ಲೋ ಒತ್ತು. ನನಗೂ ಹೊನ್ನೂರಪ್ಪನಿಗೂ ಒಂದು ತಿಂಗಳು ಕಲಿಸಿ ಕೈಬಿಟ್ಟರು. ಒಂದು ದಿನ ಹೊಸ್ತಿಲಲ್ಲಿ ನಿಂತು ನೋಡುತ್ತಿದ್ದ ಹುಲಿಗೆಮ್ಮ ಸುಮ್ಮನೆ ಕೈ ತಟ್ಟತೊಡಗಿದಳು. ಅದೇ ಲೆಕ್ಕ, ಅದೇ ಒತ್ತು. ಸ್ಪೇನಮ್ಮ ಕಣ್ಣರಳಿಸಿ, "ಎಲ್ಲಿ ಕಲತ್ರಿ?" ಎಂದರು. "ಕಲಿಯೋದೇನೈತ್ರಿ ಯವ್ವಾ," ಎಂದಳು ಹುಲಿಗೆಮ್ಮ, "ದಿನಾ ಇಪ್ಪತ್ತು ಜ್ವಾಳದ ರೊಟ್ಟಿ ಬಡೀತೀನಿ." ಅಂದಿನಿಂದ ಗುಡಿಸುವುದು ಮುಗಿದ ಮೇಲೆ ಹುಲಿಗೆಮ್ಮ ಬಾಗಿಲ ಪಕ್ಕ ಕಾಲು ಮಡಚಿ ಕೂರುವುದು, ತಟ್ಟುವುದು. ಸ್ಪೇನಮ್ಮ ಕುಣಿಯುವಾಗ ನೋಡುತ್ತಿದ್ದುದು ಕ್ಯಾಮೆರಾವನ್ನಲ್ಲ, ಆಕೆಯ ಕೈಯನ್ನು.

ತಮ್ಮ ಹಳೆಯ ಕಥೆಯನ್ನು ಅವರು ಒಂದೇ ಬಾರಿಗೆ ಹೇಳಿದವರಲ್ಲ. ಕರೆಂಟು ಹೋದಾಗಲೆಲ್ಲ ಒಂದೊಂದು ತುಂಡು. ಟೀವಿ ಎನ್ನುವುದೇ ಹೊಸದಾಗಿದ್ದ ಕಾಲದಲ್ಲಿ, ಸಮುದ್ರದಾಚೆಯ ಒಂದು ಚಳಿ ದೇಶದಲ್ಲಿ, ಅವರು ವಾರಕ್ಕೊಮ್ಮೆ ಟೀವಿಯಲ್ಲಿ ಕುಣಿಯುತ್ತಿದ್ದರಂತೆ. ದೀಪಗಳ ಕಾವಿಗೆ ಮುಖದ ಬಣ್ಣ ಕರಗುತ್ತಿತ್ತು. ಕೆಂಪು ಲಂಗ ಉಟ್ಟರೆ ಪರದೆಯಲ್ಲಿ ಕಪ್ಪಗೆ ಕಾಣುತ್ತಿತ್ತು. ಒಂದು ಬೀದಿಗೆ ಒಂದು ಟೀವಿ, ಅದರ ಮುಂದೆ ಇಡೀ ಬೀದಿ. ಮಾರುಕಟ್ಟೆಯಲ್ಲಿ ಮೀನು ಮಾರುವ ಹೆಂಗಸರು ಇವರನ್ನು ಕಂಡರೆ ಬೀಸಣಿಗೆ ಹಿಡಿದ ಹಾಗೆ ಕೈ ತಿರುಗಿಸಿ ತೋರಿಸುತ್ತಿದ್ದರಂತೆ.

"ಆ ಕ್ಯಾಸೆಟ್ಟು ಅದಾವೇನ್ರಿ ಅಮ್ಮಾರ?" ಎಂದು ಹೊನ್ನೂರಪ್ಪ ಕೇಳಿದ.

"ಎಲ್ಲಿ ಕ್ಯಾಸೆಟ್ಟು? ಆಗ ಇಡತಿದ್ದಿಲ್ಲ. ನಾ ಕುಣಿಯೋದು, ಅವ್ರು ನೋಡೋದು. ಮುಗೀತು."

ಇನ್ನೊಂದು ದಿನ ಇನ್ನೊಂದು ತುಂಡು. ಅವರಿಗೊಬ್ಬಳು ಮಗಳು. ಊರೂರು ಕುಣಿಯುತ್ತ ತಿರುಗುವವರು ಕೂಸನ್ನು ಹಳ್ಳಿಯಲ್ಲಿ ತಮ್ಮ ತಾಯಿಯ ಹತ್ತಿರ ಬಿಟ್ಟಿದ್ದರು. ಆ ಹಳ್ಳಿಯಲ್ಲಿ ಟೀವಿ ಇರಲಿಲ್ಲ, ಇದ್ದರೂ ಬೇರೆ ದೇಶದ್ದು ಬರುತ್ತಿರಲಿಲ್ಲ. ಇವರು ಬರುತ್ತೇನೆಂದ ಹಬ್ಬಕ್ಕೆ ಬರಲಿಲ್ಲ, ಕರೆದುಕೊಂಡು ಹೋಗುತ್ತೇನೆಂದ ವರ್ಷ ಕರೆದುಕೊಂಡು ಹೋಗಲಿಲ್ಲ. ಮಗಳಿಗೆ ಈಗ ಐವತ್ತು. ವರ್ಷಕ್ಕೊಮ್ಮೆ ಇವರು ಹೋದಾಗ ಬಾಗಿಲು ತೆರೆಯುತ್ತಾಳೆ, ಕಾಫಿ ಕೊಡುತ್ತಾಳೆ, ಹವಾಮಾನದ ಮಾತಾಡುತ್ತಾಳೆ.

"ನನ್ನ ಮಗಳು ನಾ ಕುಣಿಯೋದು ನೋಡೇ ಇಲ್ರಿ," ಎಂದರು.

"ಅಲ್ಲೇ ಆಕಿ ಮುಂದ ಕುಣೀಬೇಕಿಲ್ಲೇನ್ರಿ ಯವ್ವಾ?" ಎಂದಳು ಹುಲಿಗೆಮ್ಮ.

ಸ್ಪೇನಮ್ಮ ತಲೆಯಾಡಿಸಿದರು. "ಆಕಿ ಮುಖಾ ನೋಡಕೋತ ನನಗ ಕಾಲು ಏಳಂಗಿಲ್ಲ. ಡಬ್ಬಿ ಒಳಗಿಂದ ಆದ್ರ ಕುಣೀತೀನಿ."

ಆ ವರ್ಷ ಅವರ ಬಲ ಮೊಣಕಾಲು ಊದತೊಡಗಿತ್ತು. ಹೊಸಪೇಟೆಯ ಡಾಕ್ಟರು, ಇನ್ನು ಕುಣಿಯುವ ಮಾತು ಬೇಡವೆಂದರು. ಅವರು ಮಗಳಿಗೆ ಕಾಗದ ಬರೆದರು: ಇನ್ನೊಂದೇ ಸಲ ಕುಣಿಯುವವಳಿದ್ದೇನೆ, ಅದನ್ನು ಕ್ಯಾಸೆಟ್ಟಿನಲ್ಲಿ ನಿನಗೆ ಕಳಿಸುತ್ತೇನೆ. ಎಷ್ಟೋ ವರ್ಷಗಳ ಮೇಲೆ ಮೊದಲ ಸಲ ಮಗಳಿಂದ ಉತ್ತರ ಬಂತು. ಒಂದೇ ಪದ. ಅವರು ಅದನ್ನು ನಮಗೆಲ್ಲ ತೋರಿಸಿ, "'ಕಳಿಸು' ಅಂದಾಳ್ರಿ," ಎಂದರು. ಕಾಗದವನ್ನು ಮಡಚಿ ರವಿಕೆಯೊಳಗೆ ಇಟ್ಟುಕೊಂಡರು, ಥೇಟು ನಮ್ಮ ಅಜ್ಜಿಯ ಹಾಗೆ.

ದಸರೆಗೆ ಎರಡು ವಾರ ಮುಂಚಿನ ಒಂದು ಮಧ್ಯಾಹ್ನ ಅದು ನಡೆಯಿತು. ಗಿಟಾರಿನ ಟೇಪು ಬೇಡವೆಂದರು. ಹುಲಿಗೆಮ್ಮನ ಚಪ್ಪಾಳೆ ಸಾಕು. ಮೊದಲು ಕುರ್ಚಿಯಲ್ಲಿ ಕೂತು, ಇದು ಯಾವ ಕುಣಿತ, ದುಃಖವಾದಾಗ ಹೇಗೆ ಕುಣಿಯುತ್ತಾರೆ ಎಂದು ಕನ್ನಡದಲ್ಲಿ ನಮ್ಮ ನೋಡುಗರಿಗೆ ಹೇಳಿದರು. ಆಮೇಲೆ ಎದ್ದರು. ನಾನು ಅದನ್ನು ವರ್ಣಿಸಲಾರೆ. ಕುಂಟುತ್ತಿದ್ದ ಕಾಲು ಎಲ್ಲಿ ಹೋಯಿತೋ. ಬಾಗಿಲು ಗುಡುಗುತ್ತಿತ್ತು, ಕೆಂಪು ಧೂಳು ಸೊಂಟದೆತ್ತರಕ್ಕೆ ಎದ್ದಿತ್ತು, ಅದರೊಳಗೆ ಆ ಬಿಳಿ ತಲೆ ಅಲುಗದೆ ನಿಂತಿತ್ತು. ಹುಲಿಗೆಮ್ಮ ಅಳುತ್ತ ತಟ್ಟುತ್ತಿದ್ದಳು, ಒಂದು ಪೆಟ್ಟೂ ತಪ್ಪಲಿಲ್ಲ. ಮುಗಿದ ಮೇಲೂ ಹೊನ್ನೂರಪ್ಪ ಬಾಯಿ ತೆರೆದು ನಿಂತೇ ಇದ್ದ, ಕ್ಯಾಮೆರಾ ನಿಲ್ಲಿಸುವುದನ್ನೂ ಮರೆತು.

ಈಗ ನಮ್ಮ ಕ್ಯಾಸೆಟ್ಟುಗಳ ವಿಷಯ ಹೇಳಬೇಕು. ಒಟ್ಟು ಹದಿನಾಲ್ಕು ಇದ್ದವು, ಹದಿನಾಲ್ಕೂ ತಿರುಗುತ್ತಲೇ ಇರುತ್ತಿದ್ದವು. ಇವತ್ತಿನ ಗಣಪತಿಯ ಮೇಲೆ ನಾಳೆಯ ನಗರಸಭೆ ಮೀಟಿಂಗು. ಇವತ್ತು ಬರೆದ ಹೆಸರು ನಾಳೆ ಸುಳ್ಳಾಗುವುದರಿಂದ ಹೆಸರು ಬರೆಯುವ ರೂಢಿಯೇ ಇರಲಿಲ್ಲ. ಅಳಿಸಬಾರದ್ದೇನಾದರೂ ಇದ್ದರೆ ಕ್ಯಾಸೆಟ್ಟಿನ ಬೆನ್ನಿಗೆ ಒಂದು ಕುಂಕುಮದ ಬೊಟ್ಟು ಇಡುತ್ತಿದ್ದೆವು. ಬಸಣ್ಣನವರ ತಾಯಿ ಹಾಡಿದ ಪದಗಳ ಕ್ಯಾಸೆಟ್ಟಿಗೆ ಅವರೇ ಹಾಗೆ ಇಟ್ಟದ್ದು. ಆ ಕ್ಯಾಸೆಟ್ಟು ಅವರ ಮನೆಯ ದೇವರ ಕೋಣೆ ಸೇರಿತು, ಪದ್ಧತಿ ನಮ್ಮಲ್ಲಿ ಉಳಿಯಿತು. ಕುಂಕುಮ ಹಚ್ಚಿದ್ದನ್ನು ಯಾರಾದರೂ ಅಳಿಸುತ್ತಾರೆಯೇ? ಸ್ಪೇನಮ್ಮನ ಕ್ಯಾಸೆಟ್ಟಿಗೆ ನಾನೇ ನನ್ನ ಕೈಯಾರೆ ಬೊಟ್ಟು ಇಟ್ಟೆ.

ಮಗಳಿಗೆ ಕಳಿಸಲು ಅದರ ಪ್ರತಿ ತೆಗೆಯಬೇಕಿತ್ತು. ಅದಕ್ಕೆ ಎರಡು ವಿಸಿಆರ್ ಬೇಕು. ಒಂದು ಧೂಳು ಕುಡಿದು ಕೆಟ್ಟು ಬಳ್ಳಾರಿಗೆ ರಿಪೇರಿಗೆ ಹೋಗಿತ್ತು. ಅದು ಬರುವತನಕ ಎಲ್ಲರೂ ನೋಡಲಿ ಎಂದು ಕ್ಯಾಸೆಟ್ಟನ್ನು ಎಂದಿನ ಹಾಗೆ ಸಂಡೂರಿಗೆ, ಕಂಪ್ಲಿಗೆ ಕಳಿಸಿದೆವು. "ಯಶವಂತನಗರದ ಅಕ್ಕಾರೂ ನೋಡ್ಲಿ," ಎಂದವರು ಸ್ಪೇನಮ್ಮನೇ. ಊರೂರು ಸುತ್ತಿ ಅದು ಆಯುಧಪೂಜೆಯ ಹಿಂದಿನ ದಿನ ವಾಪಸು ಬಂತು. ನಾನು ಹಬ್ಬಕ್ಕೆಂದು ಅಜ್ಜಿಯ ಊರಾದ ಕಂಪ್ಲಿಗೆ ಹೊರಟುಹೋದೆ.

ಹಬ್ಬದ ಬೆಳಿಗ್ಗೆ ಹುಲಿಗೆಮ್ಮ ತಲೆಗೆ ನೀರು ಹಾಕಿಕೊಂಡು ಬಂದು ಆಫೀಸು ತೊಳೆದಳು. ಕ್ಯಾಮೆರಾಕ್ಕೆ ವಿಭೂತಿ ಬಳಿದಳು, ಹೂವು ಏರಿಸಿದಳು. ಆಮೇಲೆ ಕಪಾಟು ತೆರೆದು, ಒಂದಕ್ಕೆ ಇಟ್ಟು ಒಂದಕ್ಕೆ ಬಿಡಬಾರದೆಂದು, ಹದಿನಾಲ್ಕೂ ಕ್ಯಾಸೆಟ್ಟುಗಳಿಗೆ ಒಂದೊಂದು ಕುಂಕುಮದ ಬೊಟ್ಟು ಇಟ್ಟಳು. ಮಾರನೆಯ ದಿನ ಸಂಡೂರಿನ ಒಬ್ಬ ಗಣಿ ಧಣಿಯ ಮನೆಯ ಗೃಹಪ್ರವೇಶ. ಹೊನ್ನೂರಪ್ಪ ಕಪಾಟಿನ ಮುಂದೆ ನಿಂತು ನೋಡಿದ. ಎಲ್ಲದಕ್ಕೂ ಕುಂಕುಮ. ಕೆಳಗೆ ಜೀಪು ಹಾರ್ನು ಹೊಡೆಯುತ್ತಿತ್ತು. ಮೇಲಿದ್ದದ್ದನ್ನು ಎತ್ತಿಕೊಂಡು ಓಡಿದ. ಮೇಲಿದ್ದದ್ದು ಎರಡು ದಿನದ ಹಿಂದಷ್ಟೇ ಬಸ್ಸಿನಿಂದ ಇಳಿದದ್ದು.

ನಾನು ಹಬ್ಬ ಮುಗಿಸಿ ಬಂದ ದಿನವೇ ರಿಪೇರಿಯಾದ ವಿಸಿಆರ್ ಬಂತು, ಸ್ಪೇನಮ್ಮನೂ ಬಂದರು. ಕೈಯಲ್ಲಿ ಬಿಳಿ ಬಟ್ಟೆಯ ಚೀಲ, ಅದರ ಮೇಲೆ ಮಗಳ ವಿಳಾಸ ದುಂಡಗೆ ಬರೆದಿತ್ತು. ನಾವು ಒಂದೊಂದೇ ಕ್ಯಾಸೆಟ್ಟು ಹಾಕಿ ನೋಡುತ್ತ ಹೋದೆವು. ಏಳನೆಯದಕ್ಕೆ ಬರುವಷ್ಟರಲ್ಲಿ ಹೊನ್ನೂರಪ್ಪನ ಮುಖದಲ್ಲಿ ರಕ್ತವಿರಲಿಲ್ಲ. ಎಂಟನೆಯದರಲ್ಲಿ ಬಾಗಿಲ ಬದಲು ಮಾರ್ಬಲ್ ನೆಲ ಕಂಡಿತು. ಗೃಹಪ್ರವೇಶ.

ಹೊನ್ನೂರಪ್ಪ ಅವರ ಕಾಲ ಬಳಿ ಕುಸಿದು ಕೂತ. "ಅಮ್ಮಾರ, ಜೋಡು ತಗೊಂಡು ಬಡೀರಿ ನನಗ." ಹುಲಿಗೆಮ್ಮ, "ಅಂವಂದಲ್ರಿ, ನನ್ನ ಕೈಗೆ ಹುಳಾ ಬೀಳ್ಲಿ, ನಾನ ಹಚ್ಚಿದ್ದು," ಎಂದು ಗೋಡೆಗೆ ಹಣೆ ಹಚ್ಚಿ ಅತ್ತಳು. ಬಸಣ್ಣನವರು ಒಬ್ಬರನ್ನೂ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಹೆಸರು ಬರೆಯಲು ಒಂದು ಪೆನ್ನು ಸಾಕಿತ್ತಲ್ಲ! ಊರ ಸುದ್ದಿಯನ್ನೆಲ್ಲ ಬರೆಯುತ್ತಿದ್ದವನು ನಾನು.

ಸ್ಪೇನಮ್ಮ ಟೀವಿ ನೋಡುತ್ತಲೇ ಇದ್ದರು. ಅಲ್ಲಿ ಶೃಂಗಾರ ಮಾಡಿದ ಆಕಳನ್ನು ಹೊಸ ಮನೆಯೊಳಗೆ ಎಳೆಯುತ್ತಿದ್ದರು. ನುಣ್ಣನೆಯ ಮಾರ್ಬಲ್ ಮೇಲೆ ಅದರ ಕಾಲು ಜಾರುತ್ತಿತ್ತು. ಹಿಂದಿನಿಂದ ನಾಲ್ಕು ಜನ ನೂಕುತ್ತಿದ್ದರು.

"ಪಾಪ," ಎಂದರು. "ಆಕಳಿಗೂ ಕಟಗಿ ಬೇಕಾಗಿತ್ರಿ."

ಆಮೇಲೆ ಎದ್ದು ಬಾಗಿಲ ಮೇಲೆ ಹತ್ತಿದರು. ಬಲಗಾಲನ್ನು ಎತ್ತಿದರು. ಅದು ನಡುಗಿತು. ಇಳಿಸಿದರು. ಮತ್ತೆ ಎತ್ತಲು ನೋಡಿದರು, ಮತ್ತೆ ಇಳಿಸಿದರು. ಹುಲಿಗೆಮ್ಮ ಓಡಿ ಹೋಗಿ ತೋಳು ಹಿಡಿದಳು. ಹೊನ್ನೂರಪ್ಪ ಟೀವಿ ಆರಿಸಿದ. ಅವರು ವಿಳಾಸ ಬರೆದ ಚೀಲವನ್ನು ನಾಲ್ಕು ಮಡಿಕೆ ಮಡಚಿ, ಮೆಟ್ಟಿಲನ್ನು ಒಂದೊಂದಾಗಿ ಇಳಿದು ಹೋದರು. ಕ್ಯಾಸೆಟ್ಟನ್ನು ನಾನು ಮನೆಗೆ ಒಯ್ದು ಟ್ರಂಕಿನ ತಳದಲ್ಲಿಟ್ಟೆ. ಮತ್ತೆ ಬಳಸಲೂ ಮನಸ್ಸಾಗಲಿಲ್ಲ, ಮತ್ತೆ ನೋಡುವ ಧೈರ್ಯವೂ ಆಗಲಿಲ್ಲ.

ಆ ವರ್ಷ ಕಾಗದಪತ್ರಕ್ಕೆಂದು ಹೋದವರು ತಿರುಗಿ ಬರಲಿಲ್ಲ. ಒಂದು ಕಾರ್ಡು ಬಂತು, ಅಂಕುಡೊಂಕು ಕನ್ನಡ ಅಕ್ಷರದಲ್ಲಿ. "ಕಾಲು ಚಲೋ ಇಲ್ಲ. ಮಗಳ ಮನ್ಯಾಗ ಇದ್ದೀನಿ. ಹೊನ್ನೂರಪ್ಪನವರಿಗೆ ಯಾರೂ ಬೈಬ್ಯಾಡ್ರಿ. ಎಮ್ಮಿ ಅವರಿಗೆ ನಮಸ್ಕಾರ." ಆಮೇಲೆ ಏನೂ ಬರಲಿಲ್ಲ. ನಾವು ಬರೆದ ಕಾರ್ಡುಗಳಿಗೆ ಉತ್ತರವೂ ಇಲ್ಲ.

ವರ್ಷಗಳು ಹೋದವು. ಗಣಿಗಳು ನಿಂತವು. ಮರಿಯಮ್ಮನಹಳ್ಳಿಯ ದಾರಿಯುದ್ದಕ್ಕೂ ಲಾರಿಗಳು ಟಯರು ಇಳಿದು ನಿಂತವು. ನಮ್ಮ ಚಾನಲ್ ಮುಚ್ಚಿತು, ಬಾಗಿಲು ಕಂಪ್ಲಿಯ ಗಿರಣಿಗೆ ವಾಪಸು ಹೋಯಿತು. ಹೊನ್ನೂರಪ್ಪ ಟೀವಿ ರಿಪೇರಿ ಅಂಗಡಿ ಇಟ್ಟ. ಒಂದು ಬೆಳಿಗ್ಗೆ ಆ ಅಂಗಡಿಗೆ, ನಾವು ಬರೆದ ಹಳೆಯ ಕಾರ್ಡೊಂದನ್ನು ಹಿಡಿದು ಕೇಳುತ್ತ, ಅರವತ್ತರ ಹತ್ತಿರದ ಒಬ್ಬ ವಿದೇಶಿ ಹೆಂಗಸು ಬಂದಿದ್ದಾರೆಂದು ಅವನು ಫೋನು ಮಾಡಿದ. ನಾನು ಹುಲಿಗೆಮ್ಮನನ್ನೂ ಸ್ಕೂಟರಿನ ಹಿಂದೆ ಕೂರಿಸಿಕೊಂಡು ಹೋದೆ. ಅವರು ಸ್ಪೇನಮ್ಮನ ಮಗಳೆಂದು ಯಾರೂ ಹೇಳಬೇಕಿರಲಿಲ್ಲ. ಅದೇ ತುರುಬು.

ತಾಯಿ ಚಳಿಗಾಲದಲ್ಲಿ ತೀರಿಕೊಂಡರೆಂದು ಆಕೆ ಇಂಗ್ಲಿಷಿನಲ್ಲಿ ಹೇಳಿದರು. ಕಡೆಯ ವರ್ಷಗಳಲ್ಲಿ ತಮ್ಮ ಮನೆಯಲ್ಲೇ ಇದ್ದರಂತೆ. ಒಮ್ಮೆ ಆಕೆ ಕೇಳಿದರಂತೆ, ಕ್ಯಾಸೆಟ್ಟು ಕಳಿಸುತ್ತೇನೆಂದಿದ್ದೆಯಲ್ಲ ಎಂದು. ಆವತ್ತು ಕಾಲು ಏಳಲಿಲ್ಲ, ನಾನು ಕುಣಿಯಲೇ ಇಲ್ಲ ಎಂದರಂತೆ ತಾಯಿ. "ಅವಳು ಯಾವಾಗಲೂ ಹಾಗೆಯೇ. ಹೇಳುತ್ತಿದ್ದಳು, ಮಾಡುತ್ತಿರಲಿಲ್ಲ," ಎಂದರು ಮಗಳು. ಸಿಟ್ಟಿನಿಂದಲ್ಲ. ಬಹಳ ಹಳೆಯದೊಂದನ್ನು ಹೇಳುವವರ ಹಾಗೆ.

ನಾನು ಹುಲಿಗೆಮ್ಮನಿಗೆ ಇದನ್ನು ತಿಳಿಸಿ ಹೇಳಿದೆ. ಆಕೆ ಎದ್ದು ನಿಂತಳು. "ಸುಳ್ಳು! ಕುಣದಾರ! ನಾನ ತಾಳಾ ಹಾಕೀನಿ! ಹೇಳ್ರಿ ಆಕಿಗೆ, ನಮ್ಮ ತಪ್ಪು ಮುಚ್ಚಾಕ ಹಂಗ ಹೇಳ್ಯಾರ ಅಂತ ಹೇಳ್ರಿ!"

ನನಗೆ ಬರುವ ಇಂಗ್ಲಿಷಿನಲ್ಲಿ ಎಲ್ಲ ಹೇಳಿದೆ. ಬಾಗಿಲು, ಕುಂಕುಮ, ಆಯುಧಪೂಜೆ, ಆಕಳು. ಮಗಳು ಕೇಳಿಸಿಕೊಂಡರು, ನಂಬಿದ ಹಾಗೆ ಕಾಣಲಿಲ್ಲ. ಇಂಥದ್ದನ್ನು ಯಾರು ನಂಬುತ್ತಾರೆ? ಆ ಕ್ಯಾಸೆಟ್ಟಾದರೂ ಇದೆಯೇ ಎಂದರು. ಮನೆಗೆ ಹೋಗಿ ಟ್ರಂಕಿನಿಂದ ತಂದೆ. ಹೊನ್ನೂರಪ್ಪ ಅಟ್ಟದಿಂದ ಹಳೆಯ ವಿಸಿಆರ್ ಇಳಿಸಿ ಧೂಳು ಊದಿದ.

ಗೃಹಪ್ರವೇಶ ಶುರುವಾಯಿತು. ಆಕಳು ಜಾರಿತು, ಹೋಮವಾಯಿತು, ಧಣಿಯ ಮನೆಯವರು ಸಾಲಾಗಿ ನಿಂತು ಕೈಮುಗಿದರು. ಅರ್ಧ ತಾಸು ಮುಗಿಯಿತು, ಪರದೆಯ ಮೇಲೆ ಇರುವೆ ಮುತ್ತಿದಂತಾಯಿತು. ಆರಿಸಲು ಕೈ ಚಾಚಿದ ಹೊನ್ನೂರಪ್ಪನ ಕೈ ಅಲ್ಲೇ ನಿಂತಿತು.

ಪರದೆಯಲ್ಲಿ ಸ್ಪೇನಮ್ಮ ಕುರ್ಚಿಯಲ್ಲಿ ಕೂತಿದ್ದರು. ಕುಣಿತ ಮುಗಿದಿತ್ತು. ತುರುಬು ಅರ್ಧ ಬಿಚ್ಚಿತ್ತು, ಬೆವರಿನಿಂದ ಕೂದಲು ಹಣೆಗೆ ಅಂಟಿತ್ತು, ಎದೆ ಏರಿ ಇಳಿಯುತ್ತಿತ್ತು. ಅವರ ಸುತ್ತ ಕೆಂಪು ಧೂಳು ಇನ್ನೂ ಇಳಿದಿರಲಿಲ್ಲ. ಹುಲಿಗೆಮ್ಮನ ಕೈಯೊಂದು ಬಂದು ನೀರಿನ ಚೊಂಬು ಕೊಟ್ಟಿತು. ಕುಡಿದು, ಬಾಯೊರೆಸಿಕೊಂಡು, "ಆತ್ರಿ. ಮುಗೀತು. ಬಂದ್ ಮಾಡ್ರಿ ಹೊನ್ನೂರಪ್ಪಾರ," ಎಂದರು. ಕ್ಯಾಮೆರಾ ಬಂದ್ ಆಗಲಿಲ್ಲ. ಅವರು ನಕ್ಕು, ಜೋಡು ಕಳಚಿ ಮೊಣಕಾಲು ಉಜ್ಜುತ್ತ, ಕ್ಯಾಮೆರಾ ನೋಡಿ ತಮ್ಮ ಭಾಷೆಯಲ್ಲಿ ನಾಲ್ಕು ಮಾತು ಆಡಿದರು. ಅಷ್ಟರಲ್ಲಿ ಪರದೆ ಕಪ್ಪಾಯಿತು.

ಆ ನಾಲ್ಕು ಮಾತು ಏನೆಂದು ನಾವು ಕೇಳಲಿಲ್ಲ. ಮಗಳೂ ಹೇಳಲಿಲ್ಲ. ಬೆರಳಿನಿಂದ ಹಿಂದಕ್ಕೆ ತಿರುಗಿಸುವ ಸನ್ನೆ ಮಾಡಿದರು. ಹೊನ್ನೂರಪ್ಪ ತಿರುಗಿಸಿದ. ಐದು ಸಲ ನೋಡಿದರು. ಐದನೆಯ ಸಲ, ಆ ಧೂಳು ಇಳಿಯುವಾಗ, ಪರದೆಗೆ ಕೈ ಹಚ್ಚಿದರು.

ಕ್ಯಾಸೆಟ್ಟನ್ನು ಹೊರತೆಗೆದು ಕೊಟ್ಟೆ. ಅದರ ಬೆನ್ನಿಗೆ, ಒಂದೇ ಎನ್ನುವ ಹಾಗೆ ಒತ್ತಿಕೊಂಡು, ಒಣಗಿ ಕಪ್ಪಾಗಿದ್ದ ಎರಡು ಬೊಟ್ಟುಗಳಿದ್ದವು, ಒಂದು ನಾನು ಇಟ್ಟದ್ದು, ಇನ್ನೊಂದು ಹುಲಿಗೆಮ್ಮ ಇಟ್ಟದ್ದು. ಇದೇನು ಎಂದು ಮಗಳು ಕೇಳಿದರು.

ಅಳಿಸಬಾರದು ಎನ್ನುವುದಕ್ಕೆ ಗುರುತು ಎಂದು ಹೇಳಿದೆ.

ಆಕೆ ಅದನ್ನು ಕರ್ಚೀಫಿನಲ್ಲಿ ಸುತ್ತಿ ಕೈಚೀಲದಲ್ಲಿ ಇಟ್ಟುಕೊಂಡರು. ಮಧ್ಯಾಹ್ನದ ಬಸ್ಸಿಗೆ ಹೋದರು.